ನಿಮಗಿದು ಗೊತ್ತೇ? ಹರಳು ಕಟ್ಟುವ ಗಿಡಗಳು

ಅನ್ಯಗ್ರಹದ ಕಾಡು ಎಂದರೆ ಕತೆಗಾರರೂ ಸಿನಿಮಾದವರೂ ಹರಳಿನ ಗಿಡಗಳನ್ನು ನೆಡುತ್ತಾರೆ. ಗಾಜಿನಂಥ ಎಲೆ, ಮುಟ್ಟಿದರೆ ಚುಚ್ಚುವ ಕಾಂಡ! ಅಂಥ ಗಿಡ ಈವರೆಗೆ ಯಾವ ಗ್ರಹದಲ್ಲೂ ಸಿಕ್ಕಿಲ್ಲ. ಆದರೆ ಒಡಲಲ್ಲಿ ಹರಳು ಕಟ್ಟುವ ಗಿಡಗಳು ಶಿವಮೊಗ್ಗದ ವಿನೋಬನಗರದ ತರಕಾರಿ ಅಂಗಡಿಯಲ್ಲೇ ಸಿಗುತ್ತವೆ.

ಮಳೆಗಾಲದಲ್ಲಿ ಪತ್ರೊಡೆಗೆ, ಕರಕಲಿಗೆ ತರುವ ಕೆಸುವನ್ನೇ ನೋಡಿ. ಅದರ ಕೆಲವು ಜೀವಕೋಶಗಳೊಳಗೆ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಗಳು ಕಟ್ಟುಕಟ್ಟಾಗಿರುತ್ತವೆ. ಹಸಿ ಎಲೆ ಅಗಿದರೆ ಕೋಶ ಒಡೆದು ಸೂಜಿಗಳು ನಾಲಿಗೆಗೆ ನಾಟುತ್ತವೆ. ಅವಕ್ಕೆ ಅಂಟಿಕೊಂಡ ಪ್ರೋಟೀನು ಆ ಸಣ್ಣ ಗಾಯದೊಳಗೆ ಇಳಿದು ತುರಿಕೆ ಎಬ್ಬಿಸುತ್ತದೆ. ಸೂಜಿಗಳು ನೀರಿನಲ್ಲಿ ಕರಗುವುದಿಲ್ಲ, ಆದರೆ ಬೇಯಿಸಿದಾಗ ಪ್ರೋಟೀನು ಕೆಡುತ್ತದೆ. ಹುಣಸೆಹುಳಿ ಹಾಕಿ ಚೆನ್ನಾಗಿ ಬೇಯಿಸಬೇಕೆಂದು ಮಲೆನಾಡಿನ ಅಜ್ಜಿಯಂದಿರು ಪಟ್ಟು ಹಿಡಿಯುವುದು ಸುಮ್ಮನೆ ಅಲ್ಲ. ಸುವರ್ಣಗಡ್ಡೆಯಲ್ಲೂ ಇಂಥವೇ ಸೂಜಿಗಳಿವೆ.

ಕ್ಯಾಲ್ಸಿಯಂ ಆಕ್ಸಲೇಟಿನ ಹರಳು 200ಕ್ಕೂ ಹೆಚ್ಚು ಸಸ್ಯ ಕುಟುಂಬಗಳಲ್ಲಿ ಕಂಡುಬಂದಿದೆ. ಸೂಜಿ, ಪಟ್ಟಕ, ಮುಳ್ಳುಂಡೆ, ಮರಳು ಹೀಗೆ ಹಲವು ಆಕಾರ. ಯಾವ ಆಕಾರ ಕಟ್ಟಬೇಕೆಂಬುದನ್ನು ನಿರ್ಧರಿಸುವುದು ಗಿಡವೇ!

ಹರಿವೆ ಸೊಪ್ಪಿನ ಕತೆ ಇನ್ನೂ ಸೊಗಸು. ಬಿಸಿಲು ಏರಿ ನೀರು ಸಾಲದಾದಾಗ ಗಿಡ ಎಲೆಯ ಸಣ್ಣ ರಂಧ್ರಗಳನ್ನು ಮುಚ್ಚಿಕೊಳ್ಳುತ್ತದೆ. ತೇವ ಉಳಿಯುತ್ತದೆ ನಿಜ, ಆದರೆ ಹೊರಗಿನ ಇಂಗಾಲದ ಡೈಆಕ್ಸೈಡೂ ಒಳಗೆ ಬರುವುದಿಲ್ಲ. ಅದಿಲ್ಲದೆ ಆಹಾರ ತಯಾರಿ ನಿಲ್ಲಬೇಕು. ಹರಿವೆಯ ಜಾತಿಯ ಗಿಡವೊಂದನ್ನು ಪರೀಕ್ಷಿಸಿದ ಗ್ರೀಸ್ ದೇಶದ ವಿಜ್ಞಾನಿಗಳು, ಅದು ಇಂಥ ಹೊತ್ತಿನಲ್ಲಿ ತನ್ನ ಹರಳುಗಳನ್ನೇ ಒಡೆದು, ಅದರಿಂದ ಬರುವ ಇಂಗಾಲದ ಡೈಆಕ್ಸೈಡನ್ನು ಬಳಸಿಕೊಳ್ಳುತ್ತದೆಂದು 2016ರಲ್ಲಿ ಪ್ರಕಟಿಸಿದರು. ರಾತ್ರಿ ಹರಳು ಮತ್ತೆ ಬೆಳೆಯುತ್ತದೆ. ಕಷ್ಟಕಾಲಕ್ಕೆಂದು ಉಸಿರನ್ನೇ ಕಲ್ಲು ಮಾಡಿ ಕೂಡಿಡುವ ಇಂಥ ಗಿಡವನ್ನು ಯಾವ ಕತೆಗಾರ ಕಲ್ಪಿಸಿದ್ದಾನೆ?

ಅಂದ ಹಾಗೆ, ಮೂತ್ರಪಿಂಡದ ಕಲ್ಲುಗಳಲ್ಲಿ ಹೆಚ್ಚಿನವು ಇದೇ ಕ್ಯಾಲ್ಸಿಯಂ ಆಕ್ಸಲೇಟಿನವು.

ಮನೆಯ ಕುಂಡದಲ್ಲಿರುವ ರಬ್ಬರ್ ಗಿಡ, ರಸ್ತೆ ಬದಿಯ ಆಲದ ಮರ ಒಂದೇ ಬಳಗದವು. ಈ ಬಳಗದ ಎಲೆಗಳಲ್ಲಿ ಸುಣ್ಣದಕಲ್ಲಿನ ದ್ರವ್ಯವಾದ ಕ್ಯಾಲ್ಸಿಯಂ ಕಾರ್ಬೊನೇಟು ಸಣ್ಣ ಗೊಂಚಲಾಗಿ ತೂಗುತ್ತದೆ. ಈ ಗೊಂಚಲುಗಳು ಬಿಸಿಲನ್ನು ಚದುರಿಸಿ ಎಲೆಯ ಒಳಪದರಕ್ಕೂ ಹಂಚುತ್ತವೆ ಎಂಬುದು 2012ರ ಸಂಶೋಧನೆ.

ಭತ್ತದ ಗರಿ ಕೈ ಕೊಯ್ಯುವುದೇಕೆ? ಬೇರು ನೀರಿನೊಂದಿಗೆ ಹೀರಿದ ಸಿಲಿಕಾ ಗರಿಯಲ್ಲಿ ಗಟ್ಟಿಯಾಗಿ ಕೂತಿರುತ್ತದೆ. ಹೊಟ್ಟು ಸುಟ್ಟ ಬೂದಿಯಲ್ಲಿ ಬಹುಪಾಲು ಸಿಲಿಕಾವೇ. ಇದು ಕಟ್ಟುನಿಟ್ಟಾದ ಅರ್ಥದಲ್ಲಿ ಸ್ಫಟಿಕವಲ್ಲ, ಓಪಲ್ ಕಲ್ಲಿನ ಜಾತಿಯದು. ಅಡಿಕೆ ಮರ ಸೇರಿದ ತಾಳೆ ಕುಟುಂಬ ಇದೇ ಸಿಲಿಕಾದಿಂದ ಮುಳ್ಳುಮುಳ್ಳಾದ ಅತಿಸಣ್ಣ ಗುಂಡುಗಳನ್ನು ಕಟ್ಟುತ್ತದೆ. ಗಿಡ ಕೊಳೆತರೂ ಈ ಕಣಗಳು ಮಣ್ಣಿನಲ್ಲಿ ಸಾವಿರಾರು ವರ್ಷ ಉಳಿಯುತ್ತವೆ. ಹಿಂದೆ ಎಲ್ಲಿ ಯಾವ ಬೆಳೆ ಇತ್ತೆಂದು ಪುರಾತತ್ವಜ್ಞರು ಇವನ್ನು ನೋಡಿ ಹೇಳುತ್ತಾರೆ.

ಬಿದಿರಿನ ಗಂಟುಗಳ ನಡುವಿನ ಟೊಳ್ಳಿನಲ್ಲಿ ಕೆಲವೊಮ್ಮೆ ಸಿಗುವ ಬಿಳಿ ಗಟ್ಟಿ ವಸ್ತು ವಂಶಲೋಚನ. ಸಿತೋಪಲಾದಿ ಚೂರ್ಣಕ್ಕೆ ಬೀಳುವುದು ಇದೇ. ಭಾರತದಿಂದ ಹೋದ ಈ ವಸ್ತುವನ್ನು ಪರೀಕ್ಷಿಸಿ, ಇದು ಸಿಲಿಕಾ ಎಂದು 1791ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಗೆ ವರದಿ ಕೊಟ್ಟವನು ಜೇಮ್ಸ್ ಮೇಸಿ. ಮುಂದೆ ಜೇಮ್ಸ್ ಸ್ಮಿತ್ಸನ್ ಎಂದು ಹೆಸರು ಬದಲಿಸಿಕೊಂಡ. ವಾಷಿಂಗ್ಟನ್ನಿನ ಪ್ರಖ್ಯಾತ ಸ್ಮಿತ್ಸೋನಿಯನ್ ಸಂಸ್ಥೆ ಹುಟ್ಟಿದ್ದು ಅವನು ಬಿಟ್ಟುಹೋದ ಹಣದಿಂದಲೇ!

ಭದ್ರಾವತಿಯ ಎಂಪಿಎಂ ಕಾಗದ ಕಾರ್ಖಾನೆಗೂ ಬಿದಿರು ಕಚ್ಚಾವಸ್ತುವಾಗಿತ್ತು. ಬಿದಿರಿನ ಸಿಲಿಕಾ ಕಾಗದ ಉದ್ಯಮಕ್ಕೆ ಹಳೆಯ ತಲೆನೋವು. ತಿರುಳು ಬೇಯಿಸಿದ ಮೇಲೆ ಉಳಿಯುವ ಕಪ್ಪು ದ್ರವದಲ್ಲಿ ಸೇರಿಕೊಂಡು ಯಂತ್ರಗಳ ಕೊಳವೆಗಳಲ್ಲಿ ಗಾರೆಯ ಹಾಗೆ ಕಚ್ಚಿಕೊಳ್ಳುತ್ತದೆ.

ತುಂಗೆಯ ಕಲ್ಲುಗಳ ಮೇಲೆ ಕಾಲು ಜಾರಿಸುವ ಕಂದು ಲೋಳೆಯಲ್ಲಿ ಡಯಾಟಮ್‌ಗಳಿರುತ್ತವೆ. ಒಂದೇ ಕೋಶದ ಈ ಪಾಚಿಗಳದು ಸಿಲಿಕಾ ಚಿಪ್ಪು. ಭೂಮಿಯಲ್ಲಿ ಉತ್ಪತ್ತಿಯಾಗುವ ಆಮ್ಲಜನಕದ ಸುಮಾರು ಐದನೇ ಒಂದು ಭಾಗ ಡಯಾಟಮ್‌ಗಳ ಕೊಡುಗೆ.

 

ಇನ್ನು ಅನ್ಯಲೋಕಕ್ಕೆ ಬರೋಣ. ಸುಮಾರು 1,300 ಜ್ಯೋತಿರ್ವರ್ಷ ದೂರದ ವಾಸ್ಪ್-17ಬಿ ಗ್ರಹದ ಮೋಡಗಳಲ್ಲಿ ಬೆಣಚುಕಲ್ಲಿನ ಅತಿಸಣ್ಣ ಹರಳುಗಳಿರುವುದನ್ನು ಜೇಮ್ಸ್ ವೆಬ್ ದೂರದರ್ಶಕ ತೋರಿಸಿತು. ಸುದ್ದಿ ಬಂದದ್ದು 2023ರಲ್ಲಿ. ಅಲ್ಲಿನ ಶಾಖ ಸುಮಾರು 1,500 ಡಿಗ್ರಿ ಸೆಲ್ಸಿಯಸ್. ಗಿಡದ ಮಾತೇ ಇಲ್ಲ.

ಹರಳೇ ಗಿಡದಂತೆ ಬೆಳೆಯುವುದೂ ಉಂಟು. ಸೋಡಿಯಂ ಸಿಲಿಕೇಟಿನ ದ್ರಾವಣಕ್ಕೆ ಮೈಲುತುತ್ತದ ಹರಳು ಹಾಕಿದರೆ ಕಣ್ಣೆದುರೇ ಕೊಂಬೆ ಚಾಚುತ್ತದೆ. ಇಂಥ ‘ರಾಸಾಯನಿಕ ತೋಟ’ವನ್ನು ಗ್ಲೌಬರ್ ಎಂಬ ಜರ್ಮನ್ ರಸಾಯನಜ್ಞ 1646ರಲ್ಲೇ ವಿವರಿಸಿದ್ದ. ಅದಕ್ಕೆ ಜೀವವಿಲ್ಲ. ಆದ್ದರಿಂದ ಮಂಗಳದ ಬಂಡೆಯಲ್ಲಿ ಗಿಡದಂಥ ಆಕಾರ ಕಂಡರೂ ವಿಜ್ಞಾನಿಗಳು ಅವಸರಪಡುವ ಹಾಗಿಲ್ಲ.

ವಿಜ್ಞಾನದ ಮೇಷ್ಟ್ರುಗಳಲ್ಲಿ ಒಂದು ಕೋರಿಕೆ. ಕೆಸುವಿನ ದಂಟು ಹಿಂಡಿ ಒಂದು ಹನಿ ರಸವನ್ನು ಗಾಜಿನ ಪಟ್ಟಿಯ ಮೇಲಿಟ್ಟು 400 ಪಟ್ಟು ಹಿಗ್ಗಿಸಿ ತೋರಿಸಿ. ಮಕ್ಕಳು ಸೂಜಿಗಳನ್ನು ಕಣ್ಣಾರೆ ಕಾಣಲಿ. ರಸ ತಾಗಿದ ಕೈಯನ್ನು ಕಣ್ಣಿಗೆ ಒರೆಸಿಕೊಳ್ಳದಂತೆ ಮೊದಲೇ ಹೇಳಿ, ಕೈ ತೊಳೆಸಿ.