ಚಿತ್ರಕಾರ ಕಂಡ ಕೈ

ನಾಗಪುರದ ಮೇ ತಿಂಗಳ ಸೆಕೆಯಲ್ಲಿ ಇಸ್ಪೀಟ್ ಎಲೆಯನ್ನು ಅಂಗೈಯಲ್ಲಿ ಅಡಗಿಸಲು ಕಲಿಯುವುದು ಸುಲಭವಲ್ಲ. ಎಡಗೈಯಲ್ಲಿರುವ ಕಟ್ಟನ್ನು ಸರಿಮಾಡುವವರಂತೆ ಬಲಗೈಯನ್ನು ಮೇಲೆ ತರಬೇಕು. ಕಿರುಬೆರಳ ತುದಿಯಿಂದ ಮೇಲಿನ ಎಲೆಯ ಮೂಲೆ ಒತ್ತಿದರೆ ಅದು ಎದ್ದು ಅಂಗೈಗೆ ಬಂದು ಕೂರುತ್ತದೆ. ಬೆವರಿಗೆ ಅಂಟಿಕೊಂಡರೆ ಮತ್ತೆ ಕಟ್ಟಿಗೆ ಇಳಿಯಲೊಲ್ಲದು. ಇನ್ನೂ ಕಷ್ಟದ್ದೆಂದರೆ, ಒಳಗೊಂದು ಎಲೆಯಿದೆ ಎಂಬುದನ್ನೇ ಮರೆತಂತೆ ಕೈ ಸಡಿಲವಾಗಿರಬೇಕು. ಬೆರಳು ಸೆಟೆದವೋ, ಕೆಲಸ ಕೆಟ್ಟಿತು.

ನನಗೆ ಇದನ್ನು ಕಲಿಸಿದ್ದು 1902ರಲ್ಲಿ ಷಿಕಾಗೋದಲ್ಲಿ ಅಚ್ಚಾದ 'ದಿ ಎಕ್ಸ್‌ಪರ್ಟ್ ಅಟ್ ದಿ ಕಾರ್ಡ್ ಟೇಬಲ್'. ಜೂಜುಕೋರರ ಕೈಚಳಕವನ್ನು ಇಷ್ಟು ನಿಖರವಾಗಿ ಬರೆದಿಟ್ಟ ಇನ್ನೊಂದು ಪುಸ್ತಕವನ್ನು ನಾನು ಕಂಡಿಲ್ಲ. ಲೇಖಕನ ಹೆಸರು ಎಸ್. ಡಬ್ಲ್ಯೂ. ಅರ್ಡ್‌ನೇಸ್. ಅಂಥ ಮನುಷ್ಯನನ್ನು ಕಂಡವರೇ ಇರಲಿಲ್ಲ. ಆ ಹೆಸರಿನ ಇಂಗ್ಲಿಷ್ ಅಕ್ಷರಗಳನ್ನು ಹಿಂದುಮುಂದಾಗಿ ಓದಿದರೆ 'ಇ. ಎಸ್. ಆಂಡ್ರ್ಯೂಸ್' ಎಂದಾಗುತ್ತದೆ.

ತನ್ನ ಹೆಸರು ಮುಚ್ಚಿಟ್ಟವನು ಚಿತ್ರಕಾರನ ಹೆಸರನ್ನು ಮಾತ್ರ ಮೊದಲ ಪುಟದಲ್ಲೇ ಹಾಕಿಸಿದ್ದ: ಎಂ. ಡಿ. ಸ್ಮಿತ್. ಮುಂದೆ ಗಣಿತ ವಿನೋದದ ಅಂಕಣಗಳಿಂದ ಲೋಕಪ್ರಸಿದ್ಧರಾದ ಮಾರ್ಟಿನ್ ಗಾರ್ಡ್‌ನರ್ ಹಿಡಿದದ್ದು ಈ ಎಳೆಯನ್ನು. 1946ರಲ್ಲಿ ಅವರು ಷಿಕಾಗೋದಲ್ಲೇ ಮಾರ್ಷಲ್ ಸ್ಮಿತ್ ಅವರನ್ನು ಪತ್ತೆಹಚ್ಚಿದರು. ನಾಲ್ಕು ದಶಕ ದಾಟಿದ್ದರೂ ಮುದುಕರಿಗೆ ಲೇಖಕನನ್ನು ಎದುರು ಕೂರಿಸಿಕೊಂಡು ಚಿತ್ರ ಬರೆದ ದಿನದ ನೆನಪಿತ್ತು. ಕೊರೆಯುವ ಚಳಿ, ಬೆಚ್ಚಗಿಲ್ಲದ ಹೋಟೆಲ್ ಕೋಣೆ, ಎಲೆ ಹಿಡಿದು ಒಂದೊಂದೇ ಭಂಗಿ ತೋರಿಸುತ್ತಿದ್ದ ಕುಳ್ಳ ಮನುಷ್ಯ. ವಯಸ್ಸು ನಲವತ್ತರ ಸುಮಾರು. ಮಾತು ನಯ, ಕೈಗಳು ಬಹಳ ಮೃದು. ಪುಸ್ತಕದಲ್ಲಿ ನೂರೊಂದು ಚಿತ್ರಗಳಿವೆ. ತಾನು ಅಷ್ಟು ಬರೆದದ್ದು ಸ್ಮಿತ್‌ರಿಗೆ ನೆನಪಿರಲಿಲ್ಲ, ಆ ಕೈ ಮಾತ್ರ ಮರೆತಿರಲಿಲ್ಲ. ಎಲೆಯೊಂದಿಗೆ ವರ್ಷಗಟ್ಟಲೆ ಒದ್ದಾಡಿದವರಿಗೆ ಇದು ಆಶ್ಚರ್ಯವಲ್ಲ. ಇಬ್ಬರ ಕೈಚಳಕ ಒಂದೇ ಇರಬಹುದು, ಕೈ ಒಂದೇ ಇರುವುದಿಲ್ಲ.

ಗಾರ್ಡ್‌ನರ್ ಕೊನೆಗೆ ಬೊಟ್ಟು ಮಾಡಿದ್ದು ಮಿಲ್ಟನ್ ಫ್ರ್ಯಾಂಕ್ಲಿನ್ ಆಂಡ್ರ್ಯೂಸ್ ಎಂಬ ಜೂಜುಕೋರನತ್ತ. ಕೊಲೆ ಆರೋಪ ಹೊತ್ತು ತಲೆಮರೆಸಿಕೊಂಡಿದ್ದ ಆತ 1905ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಪೊಲೀಸರು ಬಾಗಿಲಿಗೆ ಬಂದಾಗ ಜೊತೆಗಿದ್ದ ಹೆಂಗಸನ್ನು ಕೊಂದು ತಾನೂ ಸತ್ತ. ಗಾರ್ಡ್‌ನರ್ ಬಗ್ಗೆ ನನಗೆ ಅಪಾರ ಗೌರವವಿದೆ, ಆದರೆ ಈ ತೀರ್ಮಾನವನ್ನು ಒಪ್ಪಲಾರೆ. ಮಿಲ್ಟನ್ ಆರಡಿ ಮೀರಿದ ಎತ್ತರದವನು. ಪುಸ್ತಕ ಬಂದಾಗ ಅವನಿಗೆ ಮೂವತ್ತರ ಆಸುಪಾಸು. ಆ ಚಳಿಯಲ್ಲಿ ಎದುರು ಕೂತು ಚಿತ್ರ ಬರೆದವರ ಕಣ್ಣನ್ನೇ ನಾನು ನಂಬುತ್ತೇನೆ.