ಮಾಳಿಗಿ ಪದಕ್ಕೆ ಗಿಟಾರು ಬಂತು

ಸಿಂಗಟಾಲೂರು ಅಂದಕೂಡಲೆ ಮುಂಡರಗಿ ಸೀಮೆಯವರಿಗೆ ನೆನಪಾಗುವುದು ತುಂಗಭದ್ರೆಯ ದಂಡೆಯ ವೀರಭದ್ರ ದೇವರು, ಆಮೇಲೆ ಏತ ನೀರಾವರಿ. ಈ ಕಡೆಯ ಊರುಗಳಲ್ಲಿ ರಾತ್ರಿ ಗುಡಿಕಟ್ಟೆಗೆ ಭಜನಿ ಕೂತರೆ ಶಿಶುನಾಳ ಶರೀಫರ ಪದ ಬರಲೇಬೇಕು. ಏಕತಾರಿ, ದಮ್ಮಡಿ, ತಾಳ, ಒಂದು ಹಾರ್ಮೋನಿಯಂ. ಟಿಕೀಟಿಲ್ಲ, ಚಹಾ, ಚುರುಮುರಿಯೇ ಸಂಭಾವನೆ.

ಶರೀಫರು (1819-1889) ಬಾಳಿದ್ದು ಶಿಗ್ಗಾವಿ ತಾಲೂಕಿನಲ್ಲಿ. 1997ರಲ್ಲಿ ಗದಗ, ಹಾವೇರಿ ಬೇರೆಯಾಗುವ ತನಕ ಎಲ್ಲ ಒಂದೇ ಧಾರವಾಡ ಜಿಲ್ಲೆ. ಅಂದರೆ ಮನೆಯ ಪದವೇ!

ಆ ಪದ ಲುಂಗಿ ಉಟ್ಟು, ಗೆಜ್ಜೆ ಕಟ್ಟಿ, ಗಿಟಾರು ಹಿಡಿದು ಲಂಡನ್ನಿಗೆ ಹೋಗಿ ಬಂತು. ಒಯ್ದವರು ಮೈಸೂರಿನಲ್ಲಿ ಬೆಳೆದ ರಘು ದೀಕ್ಷಿತ್ ಮತ್ತು ಅವರ ತಂಡ. 2008ರಲ್ಲಿ ಬಂದ ಅವರ ಮೊದಲ ಆಲ್ಬಮ್ಮಿನಲ್ಲೇ ಶರೀಫರ ಎರಡು ಪದಗಳಿದ್ದವು. 2010ರಲ್ಲಿ ಬಿಬಿಸಿಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮ, 2011ರಲ್ಲಿ ಬ್ರಿಟನ್ನಿನ ‘ಸಾಂಗ್‌ಲೈನ್ಸ್’ ಪತ್ರಿಕೆಯ ಹೊಸ ಪ್ರತಿಭೆ ಪ್ರಶಸ್ತಿ.

ಇದೇನು ಒಂದೇ ರಾತ್ರಿಯಲ್ಲಿ ಆದದ್ದಲ್ಲ. ಎಂಬತ್ತರ ದಶಕದಲ್ಲಿ ಸಿ. ಅಶ್ವತ್ಥರ ಕ್ಯಾಸೆಟ್ಟುಗಳು ಈ ಪದಗಳನ್ನು ಮನೆಮನೆಗೆ ಮುಟ್ಟಿಸಿದ್ದವು. 1990ರಲ್ಲಿ ಸಿನಿಮಾನೂ ಬಂತು. ಆದರೂ ಪ್ಯಾಟಿ ಹುಡುಗರ ಬ್ಯಾಂಡು ಅಂದರೆ ಇಂಗ್ಲಿಷ್ ಹಾಡು ಅಂತಲೇ ಲೆಕ್ಕ. ಹಳ್ಳಿ ಮಾತು ಆಡಲು ನಾಚುವ ಕಾಲ ಅದು. ಕಂಪ್ಯೂಟರ್ ಕಂಪನಿಗಳು ಬೆಳೆದವು, ಗದಗಿನ ಹುಡುಗರೂ ರಾತ್ರಿ ಬಸ್ಸು ಹತ್ತಿದರು. ಬೆಂಗಳೂರಿನ ಮೈದಾನದಲ್ಲಿ ಅಜ್ಜನ ಬಾಯಿಯ ಪದಕ್ಕೆ ಸಾವಿರಾರು ಜನ ಕುಣಿಯುವಾಗ ಆ ನಾಚಿಕೆ ಅರ್ಧ ಇಳಿದುಹೋಯಿತು.

ತತ್ವಪದವನ್ನು ಕುಣಿತ ಮಾಡಿಬಿಟ್ಟರು ಎಂದು ಗೊಣಗುವ ಹಿರಿಯರೂ ಉಂಟು. ಆದರೆ ಮೇಳದ ಹಾರ್ಮೋನಿಯಂ ಏನು ನಮ್ಮ ಹೊಲದಾಗ ಬೆಳೆದದ್ದೇ? ಅದೂ ಪರದೇಶದಿಂದಲೇ ಬಂದದ್ದು.

ಗೊಣಗಲು ಬೇರೆ ಕಾರಣವಿದೆ. ಮಳೆಗಾಲಕ್ಕೆ ಮುಂಚೆ ಮಣ್ಣಿನ ಮಾಳಿಗಿಗೆ ಕರಲು ಏರಿಸಿದವರು, ಸೋರಿದಲ್ಲಿ ಕೊಡಪಾನ ಇಟ್ಟವರು ಶರೀಫರ ಮಾಳಿಗಿ ಪದ ಕೇಳಿದರೆ ಮೊದಲು ತಮ್ಮ ಮನೆ ನೆನೆಯುತ್ತಿದ್ದರು, ಆಮೇಲೆ ದೇಹ, ಅದರ ಅಜ್ಞಾನ. ಸ್ಲ್ಯಾಬಿನ ಮನೆಯಲ್ಲಿ ಹುಟ್ಟಿದ ಹುಡುಗನಿಗೆ ರಾಗ ಬಾಯಿಪಾಠ. ಸೋರುವುದು ಏನಂತ ಮಾತ್ರ ಗೊತ್ತಿಲ್ಲ. ಹೇಳಿಕೊಡಬಲ್ಲವರು ಕಟ್ಟೆಯ ಮೇಲಿದ್ದಾರೆ, ಹುಡುಗ ಬೆಂಗಳೂರಿನಲ್ಲಿದ್ದಾನೆ. ಜಾತ್ರೆಗೆ ಬರುತ್ತಾನಲ್ಲ, ಆಗೊಂದು ರಾತ್ರಿ ಕೂತರೆ ಅವನ ಕೈಗೆ ದಮ್ಮಡಿ ಕೊಡುವವರು ಇನ್ನೂ ಇದ್ದಾರೆ.