ಅಣುಬಾಂಬಿನ ಉಗ್ರಾಣಕ್ಕೆ ಕಾವಲೆಷ್ಟು?

2012ನೆಯ ಇಸವಿಯ ಜುಲೈ 28ರ ಬೆಳಗಿನ ಜಾವ. ಅಮೆರಿಕದ ಟೆನೆಸೀ ಸಂಸ್ಥಾನದ ಓಕ್ ರಿಜ್ ಎಂಬ ಊರಿನ ಬಳಿ ಮೂವರು ವ್ಯಕ್ತಿಗಳು ಕತ್ತಲೆಯಲ್ಲಿ ಒಂದು ಕಾಡುಗುಡ್ಡವನ್ನು ಮೆಲ್ಲಮೆಲ್ಲನೆ ದಾಟುತ್ತಿದ್ದರು. ಅವರಲ್ಲಿ ಒಬ್ಬಾಕೆ 82 ವರ್ಷದ ವೃದ್ಧೆ. ಮೇಗನ್ ರೈಸ್ ಎಂಬ ಕ್ರೈಸ್ತ ಸಂನ್ಯಾಸಿನಿ. ಉಳಿದಿಬ್ಬರೂ ತರುಣರಲ್ಲ. ಮೈಕೇಲ್ ವಾಲಿಗೆ 63, ಗ್ರೆಗರಿ ಬೋರ್ಟ್ಯೆ-ಓಬೆಡ್‌ಗೆ 57. ಅವರ ಬಳಿ ಬಂದೂಕಿರಲಿಲ್ಲ. ತಂತಿ ಕತ್ತರಿಸುವ ಇಕ್ಕುಳ, ಸುತ್ತಿಗೆ, ಬಣ್ಣ, ಮೇಣದ ಬತ್ತಿ, ರೊಟ್ಟಿ, ಸೀಸೆಗಳಲ್ಲಿ ತುಂಬಿದ ಮನುಷ್ಯರ ರಕ್ತ—ಇಷ್ಟೇ ಅವರ ಸಾಮಗ್ರಿ.

ಅವರು ಹೊರಟಿದ್ದುದು ಸಾಮಾನ್ಯ ಸ್ಥಳಕ್ಕಲ್ಲ. ‘ವೈ-12’ ಎಂಬ ಹೆಸರಿನ ಆ ಕಾರ್ಖಾನೆಯಲ್ಲಿಯೇ 1945ರಲ್ಲಿ ಹಿರೋಷಿಮಾವನ್ನು ಸುಟ್ಟ ಬಾಂಬಿಗೆ ಬೇಕಾದ ಯುರೇನಿಯಂ ಸಿದ್ಧವಾದುದು. ಆ ಬಾಂಬಿನಲ್ಲಿದ್ದ ಯುರೇನಿಯಂ ಸುಮಾರು 64 ಕಿಲೋಗ್ರಾಂ. ಅದರಲ್ಲಿ ಒಂದು ಕಿಲೋಗ್ರಾಮಿಗಿಂತಲೂ ಕಡಿಮೆ ಭಾಗ ಮಾತ್ರ ಸಿಡಿದು ಒಂದು ನಗರವನ್ನೇ ಬೂದಿ ಮಾಡಿತು! ಅಂಥ ಯುರೇನಿಯಂ ಅನ್ನು ಟನ್‌ಗಟ್ಟಲೆ ಕೂಡಿಡಲೆಂದು ಸುಮಾರು 55 ಕೋಟಿ ಡಾಲರು ವೆಚ್ಚದಲ್ಲಿ ಕಟ್ಟಿದ ಹೊಸ ಉಗ್ರಾಣವು 2010ರಲ್ಲಿ ಬಾಗಿಲು ತೆರೆಯಿತು. ಅದರ ಗೋಡೆಯವರೆಗೆ ಯಾರೂ ಬರಲಾರರೆಂದೇ ಎಲ್ಲರೂ ನಂಬಿದ್ದರು.

ಮುದುಕಿಯೂ ಸಂಗಡಿಗರೂ ಬಂದರು. ಬೇಲಿಯ ಮೇಲೆ ಬೇಲಿಯನ್ನು ಕತ್ತರಿಸಿ, ನಾಲ್ಕೂವರೆ ಗಂಟೆಯ ಹೊತ್ತಿಗೆ ಗೋಡೆಯ ಬುಡಕ್ಕೇ ಬಂದು ನಿಂತರು. ಯುದ್ಧವಿರೋಧಿ ಘೋಷಣೆಗಳನ್ನು ಗೋಡೆಯ ಮೇಲೆ ಬರೆದರು, ರಕ್ತ ಚೆಲ್ಲಿದರು, ಸುತ್ತಿಗೆಯಿಂದ ಕಾಂಕ್ರೀಟಿನ ಚೂರೆಬ್ಬಿಸಿದರು. ಕೊನೆಗೆ ಕಾವಲುಗಾರನೊಬ್ಬ ವಾಹನದಲ್ಲಿ ಬಂದಾಗ ಅವನಿಗೆ ರೊಟ್ಟಿಯನ್ನು ನೀಡಹೋದರು!

ಕೇಳಿದರೆ ನಗೆ ಬರುವ ಸಂಗತಿ. ಆದರೆ ಆ ಕತ್ತಲಲ್ಲಿ ಬಂದವರು ಪ್ರಾರ್ಥನೆ ಮಾಡುವವರಾಗಿರದೆ ಬೇರೆ ಬಗೆಯವರಾಗಿದ್ದರೆ? ಈ ಪ್ರಶ್ನೆಯೇ ಅಮೆರಿಕ ಸರ್ಕಾರದ ನಿದ್ದೆಗೆಡಿಸಿತು.

ಇಂಧನ ಇಲಾಖೆಯ ಪರಿವೀಕ್ಷಕರು ತನಿಖೆ ನಡೆಸಿದಾಗ ಹೊರಬಿದ್ದ ಸಂಗತಿಗಳು ವಿಚಿತ್ರವಾಗಿದ್ದವು. ಬೇಲಿಯ ಎಚ್ಚರಿಕೆ ಯಂತ್ರಗಳೇನೋ ಕೂಗಿದ್ದವು. ಆದರೆ ಕಾಡುಪ್ರಾಣಿ ತಗುಲಿದರೂ, ಗಾಳಿ ಬೀಸಿದರೂ ದಿನನಿತ್ಯವೂ ಕೂಗುತ್ತಿದ್ದ ಆ ಯಂತ್ರಗಳ ಮಾತಿಗೆ ಬೆಲೆಯೇ ಇರಲಿಲ್ಲ. ‘ತೋಳ ಬಂತು ತೋಳ’ ಎಂದು ಸುಳ್ಳು ಕೂಗಿದ ಹುಡುಗನ ಕಥೆ ನಮಗೆಲ್ಲ ತಿಳಿದುದೇ. ಕಳ್ಳರನ್ನು ತೋರಿಸಬೇಕಾಗಿದ್ದ ಕ್ಯಾಮೆರಾ ಕೆಟ್ಟು ಆರು ತಿಂಗಳಾಗಿತ್ತು. ಗೋಡೆಗೆ ಸುತ್ತಿಗೆಯ ಪೆಟ್ಟು ಬಿದ್ದಾಗ ಒಳಗಿದ್ದ ಕಾವಲುಗಾರರಿಗೆ ಸದ್ದು ಕೇಳಿಸಿತು. ದುರಸ್ತಿಯ ಕೆಲಸದವರಿರಬೇಕೆಂದು ಅವರು ಸುಮ್ಮನಾದರು.

ಕ್ಯಾಮೆರಾ ಕೆಟ್ಟುದು ಯಾರಿಗೂ ಗೊತ್ತಿರಲಿಲ್ಲವೇ? ಗೊತ್ತಿತ್ತು. ಕಾವಲು ಕಾಯುವುದು ಒಂದು ಖಾಸಗಿ ಕಂಪನಿಯ ಗುತ್ತಿಗೆ, ಕಾವಲಿನ ಯಂತ್ರಗಳನ್ನು ದುರಸ್ತಿಯಲ್ಲಿಡುವುದು ಇನ್ನೊಂದು ಕಂಪನಿಯ ಗುತ್ತಿಗೆ. ಒಬ್ಬರ ತುರ್ತು ಇನ್ನೊಬ್ಬರಿಗೆ ತುರ್ತಲ್ಲ. ಮೇಲಿದ್ದ ಸರ್ಕಾರಿ ಅಧಿಕಾರಿಗಳೋ, ಗುತ್ತಿಗೆದಾರರ ಕೆಲಸದಲ್ಲಿ ಕೈ ಹಾಕಬಾರದು, ದೂರದಿಂದ ನೋಡಿದರೆ ಸಾಕು ಎಂಬ ನೀತಿಗೆ ಒಗ್ಗಿಹೋಗಿದ್ದರು. ಯಂತ್ರ ಕೆಟ್ಟಲ್ಲಿ ಒಬ್ಬ ಮನುಷ್ಯನನ್ನು ನಿಲ್ಲಿಸಿ ಕಾಲ ತಳ್ಳುವುದೇ ರೂಢಿಯಾಗಿತ್ತು. ಹತ್ತು ಜನರ ಹಸು ಹುಲ್ಲಿಲ್ಲದೆ ಸತ್ತಿತಂತೆ!

ಅನಂತರ ನಡೆದುದು ಇನ್ನೂ ಸೋಜಿಗ. ಕಾವಲುಗಾರರ ತಿಳುವಳಿಕೆಯನ್ನು ಅಳೆಯಲು ಇಲಾಖೆಯು ಒಂದು ಪರೀಕ್ಷೆಯನ್ನು ಏರ್ಪಡಿಸಿತು. ಪರೀಕ್ಷೆಗೆ ಮುನ್ನವೇ ಪ್ರಶ್ನೆಗಳೂ ಉತ್ತರಗಳೂ ಒಂದು ಕಾವಲು ವಾಹನದಲ್ಲಿ ಸಿಕ್ಕವು! ಆ ವರ್ಷದ ಅಕ್ಟೋಬರಿನಲ್ಲಿ ಕಾವಲು ಕಂಪನಿಯ ಗುತ್ತಿಗೆ ಮುಗಿಯಿತು. ಮೊದಲು ಧಾವಿಸಿ ಬಂದ ಕಾವಲುಗಾರನೂ ಕೆಲಸ ಕಳೆದುಕೊಂಡ. ಆರು ತಿಂಗಳು ಕ್ಯಾಮೆರಾ ಕೆಟ್ಟಿದ್ದುದು ಅವನೊಬ್ಬನ ತಪ್ಪೇ ಎಂಬುದನ್ನು ಓದುಗರೇ ತೀರ್ಮಾನಿಸಬಹುದು.

ಇದು ಒಂದೂರಿನ ದುರ್ದೈವವೆಂದು ತಳ್ಳಿಹಾಕುವಂತಿಲ್ಲ. 2007ರ ಆಗಸ್ಟಿನಲ್ಲಿ ಮೈನಾಟ್ ವಾಯುನೆಲೆಯಿಂದ ಲೂಸಿಯಾನಾದ ಬಾರ್ಕ್ಸ್‌ಡೇಲ್‌ಗೆ ಹಾರಿದ ಒಂದು ವಿಮಾನದಲ್ಲಿ, ಬರಿದಾದ ಕ್ಷಿಪಣಿಗಳ ಬದಲಿಗೆ ಅಣುಬಾಂಬು ತುಂಬಿದ ಆರು ಕ್ಷಿಪಣಿಗಳು ಸಾಗಿಹೋದವು. ಸುಮಾರು 36 ಗಂಟೆಗಳ ಕಾಲ ಯಾರಿಗೂ ಅದರ ಸುಳಿವಿರಲಿಲ್ಲ. ಅಲ್ಲಿ ಬೇಲಿ ಹರಿದಿರಲಿಲ್ಲ, ಕಳ್ಳರು ಬಂದಿರಲಿಲ್ಲ. ಪ್ರತಿ ಹಂತದಲ್ಲಿಯೂ ಕಣ್ಣಿಟ್ಟು ನೋಡಬೇಕಾದವರು, ಹಿಂದಿನವರು ನೋಡಿರುತ್ತಾರೆಂದು ಮುಂದೆ ಸಾಗಿಸಿದರು. ಅಲ್ಲಿ ಮಾತ್ರ ಹೊಣೆ ಮೇಲಕ್ಕೂ ಏರಿತು: 2008ರಲ್ಲಿ ವಾಯುಪಡೆಯ ಕಾರ್ಯದರ್ಶಿಯೂ ದಂಡಾಧಿಪತಿಯೂ ರಾಜೀನಾಮೆ ಕೊಡಬೇಕಾಯಿತು.

ಈ ಎರಡು ಪ್ರಸಂಗಗಳಿಂದ ಸರ್ಕಾರಗಳು ಕಲಿಯಬೇಕಾದುದು ಕಷ್ಟದ ಪಾಠವೇನಲ್ಲ. ಕಾವಲಿಗೂ ಯಂತ್ರಕ್ಕೂ ಒಬ್ಬನೇ ಹೊಣೆಗಾರನಿರಬೇಕು; ಓಕ್ ರಿಜ್‌ನಲ್ಲಿ ಕಾವಲುಪಡೆಯನ್ನು ಕಾರ್ಖಾನೆ ನಡೆಸುವವರ ಕೈಕೆಳಗೇ ತಂದುದು ಇದಕ್ಕಾಗಿಯೇ. ಕೆಟ್ಟ ಯಂತ್ರವನ್ನು ಕೂಡಲೇ ಸರಿಪಡಿಸಬೇಕು. ಸುಳ್ಳು ಕೂಗನ್ನು ತಗ್ಗಿಸಬೇಕು. ನಿಜವಾದ ಕೂಗಿಗೆ ಬೆಲೆ ಬರುವುದು ಆಗಲೇ. ಪರೀಕ್ಷೆ ನಡೆಸುವವರು ಹೊರಗಿನವರಾಗಿರಬೇಕು, ಹೇಳದೆ ಬರಬೇಕು.

ಮೇಗನ್ ರೈಸ್‌ಗೆ 2014ರಲ್ಲಿ 35 ತಿಂಗಳ ಸೆರೆವಾಸ, ಸಂಗಡಿಗರಿಗೆ 62 ತಿಂಗಳು ವಿಧಿಸಲಾಯಿತು. 2015ರಲ್ಲಿ ಮೇಲಿನ ನ್ಯಾಯಾಲಯವು ವಿಧ್ವಂಸಕ ಕೃತ್ಯದ ಆರೋಪವನ್ನು ತಳ್ಳಿಹಾಕಿದ್ದರಿಂದ ಮೂವರಿಗೂ ಬಿಡುಗಡೆಯಾಯಿತು. ಆಕೆ 2021ರಲ್ಲಿ ತೀರಿಕೊಂಡಳು. ಅಣ್ವಸ್ತ್ರಗಳೇ ಬೇಡವೆಂಬುದು ಆಕೆಯ ವಾದ. ಅದನ್ನು ಒಪ್ಪುವವರಿದ್ದಾರೆ, ಒಪ್ಪದವರಿದ್ದಾರೆ. ಆದರೆ ಆಕೆ ಬಯಸದೆಯೇ ಮಾಡಿದ ಒಂದು ಉಪಕಾರವನ್ನು ಅಲ್ಲಗಳೆಯುವಂತಿಲ್ಲ. ಕೋಟೆ ಸೂರೆಹೋದ ಮೇಲೆ ದಿಡ್ಡಿಬಾಗಿಲು ಹಾಕಿದರೆಂಬ ಗಾದೆ ನಮ್ಮಲ್ಲಿದೆ. ಓಕ್ ರಿಜ್‌ನ ಕೋಟೆ ಸೂರೆಹೋಗಲಿಲ್ಲ. ಬಾಗಿಲು ತೆರೆದಿದೆಯೆಂದು ಒಬ್ಬ ಅಜ್ಜಿ ತೋರಿಸಿಕೊಟ್ಟಳು, ಅಷ್ಟೆ. ಜಗತ್ತಿಗೆ ಇಂಥ ಅದೃಷ್ಟ ಪ್ರತಿ ಸಲವೂ ದೊರೆಯುವುದೆಂದು ನಂಬಿ ಕೂರಬಹುದೇ?